ಸುವಾ ಪ್ರಾಂತ್ಯ ಅಳಿದದ್ದಕ್ಕೆ ಕಾರಣಗಳು

ಮೈಸೂರಿನ ಕಾಲೇಜೊಂದರಲ್ಲಿ ಮೂವತ್ತು ವರ್ಷ ಇತಿಹಾಸ ಕಲಿಸಿ, ಅಮೆರಿಕದ ಯೂನಿಯನ್ ಸಿಟಿಯಲ್ಲಿರುವ ಮಗಳ ಮನೆಗೆ ಬಂದ ಮೇಲೆ ಇತಿಹಾಸದ ಹೆಸರಿನಲ್ಲಿ ಇಂಥದ್ದನ್ನೂ ಕೇಳಬೇಕಾದೀತೆಂದು ನನಗೆ ಗೊತ್ತಿರಲಿಲ್ಲ.

ತಿಂಗಳಿಗೊಮ್ಮೆ ಒಂದಷ್ಟು ಕನ್ನಡದ ಮನೆಯವರು ಸೇರಿ, ಒಬ್ಬರ ಭಾಷಣ ಕೇಳಿ, ಊಟ ಮಾಡಿ ಹೋಗುವುದು ಇಲ್ಲಿನ ರೂಢಿ. ಆ ಭಾನುವಾರ ರೆಡ್‌ವುಡ್ ಸಿಟಿಯಲ್ಲಿ ಮಾತಾಡಿದವನು ನಮ್ಮ ಪಕ್ಕದ ಮನೆಯ ಸಾಫ್ಟ್‌ವೇರ್ ಮ್ಯಾನೇಜರು. ಜಪಾನಿಗೆ ಹತ್ತು ದಿನ ಪ್ರವಾಸ ಹೋಗಿಬಂದಿದ್ದ. ಅಷ್ಟಕ್ಕೇ ಜಪಾನಿನ ಇತಿಹಾಸಕಾರನಾಗಿದ್ದ. ವಿಷಯ, ಸುವಾ ಪ್ರಾಂತ್ಯ. ಹಿಂದಿನ ದಿನ ನಾನೂ ಲೈಬ್ರರಿಯಲ್ಲಿ ಕೂತು ಓದಿಕೊಂಡಿದ್ದೆ. ಎಂಟನೆಯ ಶತಮಾನದಲ್ಲಿ ಅಲ್ಲಿನ ಅರಮನೆ ಶಿನಾನೊ ಎಂಬ ದೊಡ್ಡ ಪ್ರಾಂತ್ಯವನ್ನು ಒಡೆದು, ಒಂದು ಸರೋವರದ ಸುತ್ತಲಿನ ಸೀಮೆಯನ್ನು ಸುವಾ ಎಂದು ಬೇರೆ ಮಾಡಿತು. ಹತ್ತು ವರ್ಷಕ್ಕೆ ಮತ್ತೆ ಹಳೆಯದಕ್ಕೇ ಸೇರಿಸಿತು. ಏಕೆಂದು ಬರೆದದ್ದು ನನಗೆಲ್ಲೂ ಸಿಗಲಿಲ್ಲ.

ಅವನಿಗೆ ಸಿಕ್ಕಿತ್ತು. "ಕಂಪನೀಲಿ ಡಿಪಾರ್ಟ್‌ಮೆಂಟ್ ಮುಚ್ಚಲ್ವಾ, ಹಾಗೇ. ಗವರ್ನರ್ ಪರ್ಫಾರ್ಮೆನ್ಸು ಸರಿಯಿರ್ಲಿಲ್ಲ. ಮೇಲಿನವ್ರು ಕ್ಲೋಸ್ ಮಾಡಿದ್ರು."

ಜನ ತಲೆದೂಗಿದರು. ತಮ್ಮ ಆಫೀಸಿನ ಕಥೆಯನ್ನೇ ಇನ್ನೊಮ್ಮೆ ಕೇಳಿದರೆ ಇವರಿಗೆ ಇತಿಹಾಸ ಅರ್ಥವಾದಂತೆ.

ನಾನು ಎದ್ದುನಿಂತು ಕೇಳಿದೆ: "ಗವರ್ನರ್ ಸರಿಯಿರ್ಲಿಲ್ಲ ಅಂತ ಎಲ್ಲಿ ಬರ್ದಿದೆಯಪ್ಪ?"

"ಎಲ್ಲಾ ಬರ್ದೇ ಇರ್ಬೇಕಾ ಆಂಟಿ? ಲಾಜಿಕ್ಕು ಅಷ್ಟೇ. ನಿಮ್ ಜನರೇಷನ್‌ಗೆ ಬರೀ ಇಸವಿ ಬಾಯಿಪಾಠ."

ಎಲ್ಲರೂ ನಕ್ಕರು. ನಾನು ಊಟಕ್ಕೆ ನಿಲ್ಲಲಿಲ್ಲ. ತನ್ನ ಮಗಳನ್ನು ಫ್ರೀಮಾಂಟಿನ ಈಜಿನ ಕ್ಲಾಸಿನಿಂದ ಕರೆತರಲು ಹೊರಟಿದ್ದ ಅವನ ಹೆಂಡತಿ ನನ್ನನ್ನೂ ಕಾರಿನಲ್ಲಿ ಕೂರಿಸಿಕೊಂಡಳು.

ಕೊಲ್ಲಿಯ ಮೇಲಿನ ಸೇತುವೆ ಹತ್ತಿದ ಮೇಲೆ ಅವಳು ಮೆಲ್ಲಗೆ, "ಬೇಜಾರ್ ಮಾಡ್ಕೋಬೇಡಿ ಆಂಟಿ. ಸುವಾದಲ್ಲಿ ಇವ್ರಿಗೆ ಜ್ವರ. ಎರಡು ದಿನ ಹೋಟೆಲ್ ರೂಮಿಂದ ಆಚೆನೇ ಬರ್ಲಿಲ್ಲ. ಲೇಕು ನೋಡಿದ್ದು ನಾನೊಬ್ಳೇ," ಎಂದಳು.

ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅವಳು ನಗಲಿಲ್ಲ.

"ಮತ್ತೆ ಆ ಪ್ರಾಂತ್ಯ ಮುಚ್ಚಿದ್ದಕ್ಕೆ ನಿಜವಾದ ಕಾರಣ ಏನು?"

"ಗೊತ್ತಿಲ್ಲಮ್ಮ."

"ಕಾಲೇಜಲ್ಲೂ ಹೀಗೇ ಹೇಳ್ತಿದ್ರಾ, ಗೊತ್ತಿಲ್ಲ ಅಂತ?"

ಒಮ್ಮೆಯೂ ಹೇಳಿರಲಿಲ್ಲ. ಸಾಮ್ರಾಜ್ಯ ಯಾವುದೇ ಇರಲಿ, ಪತನಕ್ಕೆ ಐದು ಕಾರಣ, ಹತ್ತು ಅಂಕ. ಮೂವತ್ತು ವರ್ಷ ಅದೇ ನೋಟ್ಸು ಬರೆಸಿದ್ದೆ. ದುರ್ಬಲ ಉತ್ತರಾಧಿಕಾರಿಗಳು ಎಂಬುದೇ ಯಾವಾಗಲೂ ಮೊದಲನೆಯದು. ಸತ್ತು ಎಷ್ಟೋ ಶತಮಾನವಾದ, ನನಗೆ ಏನೇನೂ ಗೊತ್ತಿಲ್ಲದ ಅರಸರನ್ನು ಕಪ್ಪುಹಲಗೆಯ ಮುಂದೆ ನಿಂತು ಕೈಲಾಗದವರೆಂದು ಜರೆದಿದ್ದೆ. ಆ ಮ್ಯಾನೇಜರನಾದರೂ ಒಂದೇ ಮಧ್ಯಾಹ್ನ ಮಾಡಿದ್ದ; ನಾನು ಸಂಬಳ ತೆಗೆದುಕೊಂಡು ಮಾಡಿದ್ದೆ.

"ಇಲ್ಲಮ್ಮ," ಎಂದೆ. "ಐದು ಕಾರಣ ಬರೆಸ್ತಿದ್ದೆ."

ಅವಳು ನನ್ನ ಕಡೆ ಒಮ್ಮೆ ತಿರುಗಿ ನೋಡಿದಳು. ಆಮೇಲೆ ಫ್ರೀಮಾಂಟ್ ಬರುವವರೆಗೂ ಒಬ್ಬಳೇ ನಗುತ್ತ ಕಾರು ಓಡಿಸಿದಳು.