ರಾಯರನ್ನು ಬಿಟ್ಟಿರಲಾರದ ವಿಧೇಯ

ಕಲ್ಲುಗುಂಡಿಯ ಕೃಷ್ಣಮೋಹನ ರಾಯರು ಮರದ ಡಿಪೋ ಒಂದರಲ್ಲಿ ಮೂವತ್ತೊಂದು ವರ್ಷ ಗುಮಾಸ್ತರಾಗಿದ್ದು 1962ರಲ್ಲಿ ನಿವೃತ್ತರಾದರು. ಆ ಅವಧಿಯಲ್ಲಿ ಅವರು ಬರೆದ ಪ್ರತಿ ಕಾಗದವೂ ‘ತಮ್ಮ ವಿಧೇಯ’ ಎಂದು ಮುಗಿಯುತ್ತಿತ್ತು. ಮನೆಯಲ್ಲಿ ಆ ಹುದ್ದೆ ಹೆಂಡತಿ ಸತ್ಯವತಮ್ಮನದು. ಬೆಳಗ್ಗೆ ಏಳಕ್ಕೆ ಬಚ್ಚಲಿನಲ್ಲಿ ಬಿಸಿನೀರು ಇರಬೇಕು. ಸ್ನಾನ ಮುಗಿಯುವಷ್ಟರಲ್ಲಿ ನೀಲಿ ಹಾಕಿ ಇಸ್ತ್ರಿ ಮಾಡಿದ ಬಿಳಿ ಪಂಚೆ, ಬಿಳಿ ಅಂಗಿ ಮಂಚದ ಮೇಲಿರಬೇಕು. ಬಿಳಿ ಬಟ್ಟೆಯಿಲ್ಲದೆ ರಾಯರು ಜಗಲಿಗೂ ಬಂದವರಲ್ಲ. ನೀರು ಹೇಗೆ ಬಿಸಿಯಾಗುತ್ತದೆ ಎಂಬುದು ಅವರಿಗೆ ತಾತ್ವಿಕವಾಗಿ ಗೊತ್ತಿತ್ತು.

ಅವರ ಒಬ್ಬಳೇ ಮಗಳು ಮೂಕಾಂಬಿಕಾಳನ್ನು ಕೋಡಿಂಬಾಳಕ್ಕೆ ಕೊಟ್ಟಿತ್ತು. ಆ ಮನೆಯಲ್ಲಿ ಅತ್ತೆ ಇರಲಿಲ್ಲ. ಮೊದಲ ಹೆರಿಗೆ ತಿಂಗಳು ತುಂಬುವ ಮುಂಚೆ ಅಲ್ಲೇ ಆಗಿಹೋಯಿತು. ಬಾಣಂತನಕ್ಕೆ ಹೋದ ಸತ್ಯವತಮ್ಮನನ್ನು ರಾಯರು ಆರನೆಯ ದಿನ ಕಾಗದ ಹಾಕಿ ಕರೆಸಿಕೊಂಡರು. ಬಿಸಿನೀರಿಗೆ ತೊಂದರೆಯಾಗಿತ್ತು. ಹನ್ನೊಂದನೆಯ ದಿನ ಮಗು ತೀರಿಕೊಂಡಿತು. ಈ ಎರಡು ಸಂಗತಿಗಳನ್ನು ಯಾರೂ ಜೋಡಿಸಿ ಮಾತಾಡಲಿಲ್ಲ. ಸತ್ಯವತಮ್ಮ ಜೋಡಿಸಿದ್ದರು, ಮಾತಾಡಿರಲಿಲ್ಲ.

1963ರ ನವೆಂಬರಿನಲ್ಲಿ ಎರಡನೆಯ ಹೆರಿಗೆ ಹತ್ತಿರವಾಯಿತು.

“ಈ ಸಲ ಮೂರು ತಿಂಗಳು ನಾನು ಅಲ್ಲೇ,” ಎಂದರು ಸತ್ಯವತಮ್ಮ.

“ಹೋಗು, ಬೇಡ ಅಂತ ಯಾರು ಹೇಳಿದ್ದು? ಇಲ್ಲಿ ತೊಂದರೆಯಾದರೆ ಒಂದು ಕಾಗದ ಹಾಕ್ತೇನೆ. ಮರುದಿನದ ಬಸ್ಸಿಗೆ ಬಂದರಾಯ್ತು.”

“ತೊಂದರೆ ಆಗದಿದ್ರೆ?”

“ಆಗದಿದ್ರೆ ಯಾಕೆ ಹಾಕುದು ಮಾರಾಯ್ತಿ?”

ತೊಂದರೆಯಾಗದಂತೆ ನೋಡಿಕೊಳ್ಳುವ ಕೆಲಸ ರಸ್ತೆಬದಿಯ ವರ್ಕ್‌ಶಾಪಿನ ಕಲಂದರನ ತಲೆಗೆ ಬಂತು. ವಿದೇಶದಲ್ಲಿ ಕಬ್ಬಿಣದ ಆಳುಗಳು ಮನೆಗೆಲಸ ಮಾಡುತ್ತವೆಂದು ರಾಯರು ಪತ್ರಿಕೆಯಲ್ಲಿ ಓದಿದ್ದರು. ಅಂಥದೊಂದು ಆದೀತೇ ಎಂದು ಕೇಳಿದರು. ಅದೇ ಸಂಜೆ ಸತ್ಯವತಮ್ಮನೂ ವರ್ಕ್‌ಶಾಪಿನ ಬಾಗಿಲಿಗೆ ಹೋಗಿ, “ಎಂತದಾದ್ರೂ ಮಾಡು ಕಲಂದರ್, ಮೂರು ತಿಂಗಳು ನಡೆದರೆ ಸಾಕು,” ಎಂದರು. ಕಲಂದರ್ ರಾಯರಿಗಾಗಿ ಒಪ್ಪಿಕೊಂಡ, ತಾನು ಅಕ್ಕ ಎನ್ನುತ್ತಿದ್ದ ಸತ್ಯವತಮ್ಮನಿಗಾಗಿ ನಿದ್ದೆಗೆಟ್ಟು ಕಟ್ಟಿದ.

ಯಂತ್ರದ ಎತ್ತರ ನಾಲ್ಕಡಿ ಒಂದಿಂಚು. ಹೊಟ್ಟೆ, ಚಹಾದಂಗಡಿಯೊಂದರ ಹಳೆಯ ತಾಮ್ರದ ಸಮೋವರ್: ನಡುವೆ ಇದ್ದಿಲು, ಸುತ್ತ ನೀರು, ಎದುರಿಗೆ ನಲ್ಲಿ. ಕೆಳಗೆ ನಾಲ್ಕು ಚಕ್ರ, ಬಸ್ಸಿನ ಬ್ಯಾಟರಿ. ಹಣೆಗೆ ಲಾರಿಯ ದೀಪ, ಅದರ ಮುಂದೆ ಬೆಳಕನ್ನು ಮಿನುಗಿಸುವ ಪುಟ್ಟ ಪಂಖ. ಮುಚ್ಚಿಹೋದ ಟೂರಿಂಗ್ ಟಾಕೀಸಿನ ಯಂತ್ರದಿಂದ ಕಳಚಿದ ಎರಡು ವಿದ್ಯುತ್ ಕಣ್ಣುಗಳು. ಅವು ಮಿನುಗುವ ಬೆಳಕಿಗೆ ಮಾತ್ರ ಓಗೊಡುತ್ತಿದ್ದುದರಿಂದ ಹೊರಗಿನ ಬಿಸಿಲು ಅವಕ್ಕೆ ಇಲ್ಲವೆಂದೇ ಲೆಕ್ಕ. ಹಣೆಯ ಬೆಳಕು ಬಕೆಟಿನ ಮೇಲೆ ತೂಗುಹಾಕಿದ ಬಿಳಿಯ ಟವೆಲಿಗೆ ತಾಗಿ ಮರಳಿದರೆ ಯಂತ್ರ ಅತ್ತ ಹೊರಡುತ್ತದೆ. ಒಂದು ಮೊಳ ಹತ್ತಿರವಾದಾಗ ನಲ್ಲಿ ತೆರೆಯುತ್ತದೆ. ನಿಲ್ಲಿಸುವ ಸ್ವಿಚ್ಚು ಬೆನ್ನಿನಲ್ಲಿ.

ಕಲಂದರ್ ವರ್ಕ್‌ಶಾಪಿನಲ್ಲಿ ಹದಿನಾಲ್ಕು ಸಲ ಪರೀಕ್ಷಿಸಿದ. ಹದಿನಾಲ್ಕು ಸಲವೂ ಯಂತ್ರ ನೇರ ಟವೆಲಿನ ಬುಡಕ್ಕೆ ಹೋಗಿ ಬಕೆಟು ತುಂಬಿಸಿತು. ಪರೀಕ್ಷೆಯ ಲೋಪ ಒಂದೇ: ಗ್ರೀಸು ಮೆತ್ತಿದ ಆ ಜಾಗದಲ್ಲಿ ಬಿಳಿ ಬಟ್ಟೆ ತೊಟ್ಟ ಮನುಷ್ಯ ಒಬ್ಬನೂ ಇರಲಿಲ್ಲ.

ರಾಯರು ಅದಕ್ಕೆ ‘ವಿಧೇಯ’ ಎಂದು ಹೆಸರಿಟ್ಟರು. ಮನೆಯ ಹೊಸ್ತಿಲುಗಳಿಗೆಲ್ಲ ಓರೆ ಹಲಗೆ ಹೊಡೆಸಿದರು, ವಿಧೇಯ ಎಲ್ಲಿ ಬೇಕಾದರೂ ಬರುವಂತಾಗಲಿ ಎಂದು. ಸತ್ಯವತಮ್ಮ ಕೋಡಿಂಬಾಳದ ಬಸ್ಸು ಹತ್ತಿದರು.

ಬಿಸಿನೀರು ಬಕೆಟಿಗೆ ಬಂತು, ನಿಜ. ಅದಕ್ಕಾಗಿ ರಾಯರು ಐದೂವರೆಗೆ ಎದ್ದು, ಬಾವಿಯಿಂದ ಆರು ಕೊಡ ಸೇದಿ, ಇದ್ದಿಲಿಗೆ ಬೆಂಕಿ ಹಿಡಿಸಿ ಊದುತ್ತಿದ್ದರು. ಹೊರಗೆಲಸದವಳಾದ ಅಪ್ಪಿಗೆ ಹೇಳುವಂತಿರಲಿಲ್ಲ. ಅಪ್ಪಿ ಆ ಮನೆಯಲ್ಲಿ ಇಪ್ಪತ್ತು ವರ್ಷದಿಂದ ದುಡಿಯುತ್ತಿದ್ದರೂ ಜಗಲಿ ಹತ್ತಕೂಡದು, ನೀರಿನ ಪಾತ್ರೆ ಮುಟ್ಟಕೂಡದು ಎಂಬುದು ರಾಯರ ಕಟ್ಟಳೆ. ಯಂತ್ರಕ್ಕೆ ಜಾತಿಯಿಲ್ಲ ಎಂದು ಅವರು ತೀರ್ಮಾನಿಸಿದ್ದರು. ಒಂದು ಕೊಡ ನೀರು ಹೊರುವುದನ್ನು ತಪ್ಪಿಸಿಕೊಳ್ಳಲು ಆರು ಕೊಡ ಹೊತ್ತವರು ಆ ಸೀಮೆಯಲ್ಲಿ ಅವರೊಬ್ಬರೇ.

ಮೊದಲ ದಿನ ಸ್ನಾನ ಮುಗಿಸಿ, ಟವೆಲನ್ನೇ ನೋಡುತ್ತ ನಿಂತಿದ್ದ ಯಂತ್ರದ ಬೆನ್ನಿನ ಹಿಂದೆ ಹೋಗಿ ಸ್ವಿಚ್ಚು ಒತ್ತಿದರು. ಎರಡನೆಯ ದಿನ ಟವೆಲು ಎತ್ತಿಕೊಂಡು ಬಂದರು, ಸ್ವಿಚ್ಚು ಮರೆತರು. ಬಿಳಿ ಅಂಗಿ ತೊಟ್ಟು ಚಾವಡಿಗೆ ಬಂದು ಕುರ್ಚಿಯಲ್ಲಿ ಕೂತಾಗ, ಹಣೆಯ ದೀಪ ಮಿನುಗಿಸುತ್ತ ವಿಧೇಯ ಬಂದು ಎದುರು ನಿಂತಿತು. ಸಮೋವರಿನಲ್ಲಿ ನೀರು ಮುಗಿದಿದ್ದುದರಿಂದ ಅದು ಬರಿಯ ಭಕ್ತಿಯಂತೆ ಕಂಡಿತು.

ಪಕ್ಕದ ಅಂಗಡಿಯ ಅಬ್ದುಲ್ಲ, ಹಸಿರು ಚೌಕುಳಿ ಲುಂಗಿ ಉಟ್ಟವನು, ನೋಡಲು ಬಂದ. ಯಂತ್ರ ಅವನತ್ತ ತಿರುಗಲೂ ಇಲ್ಲ.

“ನೋಡಿದೆಯಾ ಅಬ್ದುಲ್ಲ? ಅದಕ್ಕೆ ಧಣಿ ಯಾರು ಅಂತ ಗೊತ್ತುಂಟು,” ಎಂದರು ರಾಯರು.

“ನಮ್ಮ ಮನೆಯವಳಿಗೇ ಇನ್ನೂ ಗೊತ್ತಾಗ್ಲಿಲ್ಲ ರಾಯರೇ,” ಎಂದ ಅಬ್ದುಲ್ಲ. “ಆದ್ರೆ ಅದರ ನೋಟ ನನಗೆ ಸರಿ ಕಾಣುದಿಲ್ಲ.”

ಐದನೆಯ ದಿನ ಸಮೋವರಿನಲ್ಲಿ ನೀರು ಉಳಿದಿತ್ತು. ಭಕ್ತಿ ರಾಯರ ಎಡಗಾಲಿನ ಮೇಲೆ ಸುರಿಯಿತು. ನಾಲ್ಕು ಬೆರಳಗಲದ ಬೊಬ್ಬೆ ಎದ್ದಿತು. ಕಲಂದರ್ ಓಡಿಬಂದು, ತನ್ನ ಕರಿ ಬನಿಯನ್ನಿನಲ್ಲೇ ಅದರ ಮುಂದೆ ಅತ್ತಿತ್ತ ನಡೆದು ನೋಡಿದ.

“ನನ್ನನ್ನು ಕಣ್ಣೆತ್ತಿಯೂ ನೋಡುದಿಲ್ಲ. ನಿಮ್ಮ ಮೇಲೆ ಮಾತ್ರ ಇದಕ್ಕೆ ಎಂತ ಹುಚ್ಚು ಮಾರಾಯ್ರೆ?”

ಅಂಗಳ ಗುಡಿಸುತ್ತಿದ್ದ ಅಪ್ಪಿಗೆ ಹುಚ್ಚಿನ ಕಾರಣ ಗೊತ್ತಿತ್ತು. ಹಿಂದಿನ ದಿನ ನೆರೆಮನೆಯ ಬಿಳಿ ಕೋಳಿ ತಪ್ಪಿ ಚಾವಡಿಗೆ ನುಗ್ಗಿದಾಗ ವಿಧೇಯ ಅದನ್ನೂ ಅಷ್ಟೇ ಪ್ರೀತಿಯಿಂದ ಅಟ್ಟಿಸಿಕೊಂಡು ಹೋಗಿತ್ತು. ಕೋಳಿಗೆ ಬುದ್ಧಿಯಿದ್ದುದರಿಂದ ಕಿಟಕಿ ಹಾರಿ ಉಳಿದುಕೊಂಡಿತು. ಆದರೆ ಅಪ್ಪಿಯನ್ನು ಯಾರೂ ಕೇಳಲಿಲ್ಲ.

ಎಂಟನೆಯ ದಿನ ಕೋಡಿಂಬಾಳದಿಂದ ಬಸ್ಸಿನವರ ಬಾಯಲ್ಲಿ ಸುದ್ದಿ ಬಂತು: ಹೆಣ್ಣುಮಗು, ತೂಕ ಕಡಿಮೆ, ಹಗಲೂ ರಾತ್ರಿ ಅಜ್ಜಿಯ ಮಡಿಲಲ್ಲೇ ಇರಬೇಕು. ಒಂಬತ್ತನೆಯ ದಿನ ಬೆಳಗ್ಗೆ ರಾಯರು ಕಾಗದ ಬರೆದರು: ‘ಇಲ್ಲಿ ಬಹಳ ತೊಂದರೆಯಾಗಿದೆ. ಕಂಡ ಕೂಡಲೇ ಹೊರಟು ಬರುವುದು.’ ಒಂಬತ್ತೂವರೆಯ ಟಪಾಲಿಗೆ ಹಾಕಬೇಕೆಂದು ಅದನ್ನು ಮಡಚಿಟ್ಟು ಸ್ನಾನಕ್ಕೆ ಹೋದರು.

ಸ್ನಾನವಾದ ಮೇಲೆ ಕಾಲಿನ ನೋವಿನಲ್ಲಿ ಸ್ವಿಚ್ಚಿನವರೆಗೆ ಕುಂಟಲು ಬೇಸರವಾಗಿ, ಟವೆಲನ್ನು ಹೆಗಲಿಗೆ ಹಾಕಿಕೊಂಡು ಹೊರಟುಬಂದರು. ವಿಧೇಯನ ಎದುರಿನಲ್ಲಿ ನೋಡಲು ಈಗ ಏನೂ ಉಳಿಯಲಿಲ್ಲ. ಅದು ಹುಡುಕಲು ಹೊರಟಿತು.

ಬಿಳಿ ಪಂಚೆ, ಬಿಳಿ ಅಂಗಿ, ಜೇಬಿನಲ್ಲಿ ಕಾಗದ, ಕೈಯಲ್ಲಿ ಕೊಡೆ. ರಾಯರು ಚಾವಡಿಯ ಬಾಗಿಲಿಗೆ ನಾಲ್ಕು ಹೆಜ್ಜೆ ದೂರವಿದ್ದಾಗ ಯಂತ್ರ ಅಡ್ಡ ಬಂದು ನಿಂತಿತು. ಬಲಕ್ಕೆ ಸರಿದರೆ ಬಲಕ್ಕೆ ಬಂತು, ಎಡಕ್ಕೆ ಸರಿದರೆ ಎಡಕ್ಕೆ. ಹಿಂದೆ ಸರಿದರೆ ಅಷ್ಟೇ ಮುಂದೆ. ಸ್ವಿಚ್ಚಿರುವುದು ಬೆನ್ನಿನಲ್ಲಿ. ಅದು ಯಾರ ಬೆನ್ನು ಹತ್ತಿದೆಯೋ ಅವರಿಗೆ ಅದರ ಬೆನ್ನು ಸಿಕ್ಕುವುದಿಲ್ಲ. ಕೊಡೆಯಿಂದ ಹೊಡೆದರು, ಕೊಡೆ ಮುರಿಯಿತು. ಕಪಾಟು ಮತ್ತು ಗೋಡೆಯ ಮೂಲೆಯಲ್ಲಿ ಅವರು ಸಿಕ್ಕಿಬಿದ್ದಾಗ ನಲ್ಲಿ ತೆರೆಯಿತು. ಕುದಿಯುವ ನೀರು ನುಣುಪು ನೆಲದ ಮೇಲೆ ಹರಿದು ಅವರ ಕಾಲಿನತ್ತ ಹೊರಟಿತು. ರಾಯರು ಗೋಡೆಬದಿಯ ಬೆಂಚು ಹತ್ತಿದರು. ವಿಧೇಯ ಇನ್ನೂ ಹತ್ತಿರ ಬಂತು. ನಲ್ಲಿಯ ಬಾಯಿ ಈಗ ಸರಿಯಾಗಿ ಅವರ ಪಾದದ ಮುಂದಿತ್ತು.

“ಅಪ್ಪೀ! ಅದರ ಬೆನ್ನಿನ ಸ್ವಿಚ್ಚು ಒತ್ತು!”

ಅಪ್ಪಿ ಪೊರಕೆ ಹಿಡಿದು ಮೆಟ್ಟಿಲಿನ ಬುಡಕ್ಕೆ ಬಂದಳು. ಅವಳ ಹಿಂದೆ, ಮನೆಯೆದುರಿನ ರಸ್ತೆಯಲ್ಲಿ ಬಸ್ಸು ಕಾಯುತ್ತಿದ್ದ ಏಳೆಂಟು ಮಂದಿ.

“ಜಗಲಿ ಹತ್ತಬಾರದು ಅಂತ ಉಂಟಲ್ಲ ಧಣಿ?”

“ಇವತ್ತು ಹತ್ತು ಮಾರಾಯ್ತಿ!”

“ಇವತ್ತು ಹತ್ತುವಾ. ನಾಳೆ?”

ಅಂಥ ಹೊತ್ತಿನಲ್ಲೂ ನಾಳೆಯ ವಿಚಾರದಲ್ಲಿ ರಾಯರು ಮಾತು ಕೊಟ್ಟು ದುಡುಕಲಿಲ್ಲ. ನೀರಿನ ಹನಿ ಹೆಬ್ಬೆರಳಿಗೆ ಸಿಡಿಯಿತು. ಅಪ್ಪಿಗೆ ಕನಿಕರ ಹುಟ್ಟಿತು.

“ಅದಕ್ಕೆ ನೀವು ಬೇಡ ಧಣಿ, ನಿಮ್ಮ ಬಿಳಿ ಬಟ್ಟೆ ಬೇಕಾದ್ದು. ತೆಗೆದು ಆಚೆ ಬಿಸಾಡಿ.”

“ಇಷ್ಟು ಜನರ ಎದುರು?”

“ಹಾಗಾದ್ರೆ ಬೆಂದುಕೊಳ್ಳಿ. ನಾನು ಗುಡಿಸ್ತೇನೆ.”

ಮುಂದಿನ ಹನಿಗೆ ರಾಯರು ಅಂಗಿ ಕಳಚಿದರು. ಅದರ ಮುಂದಿನದಕ್ಕೆ ಪಂಚೆ. ಎರಡನ್ನೂ ಉಂಡೆ ಮಾಡಿ ಎದುರಿನ ಕುರ್ಚಿಗೆ ಎಸೆದರು. ಒಂಬತ್ತು ದಿನ ಅವರನ್ನು ಪ್ರಾಣಕ್ಕಿಂತ ಹೆಚ್ಚಾಗಿ ಪ್ರೀತಿಸಿದ್ದ ವಿಧೇಯ, ಬೆಂಚಿನ ಮೇಲೆ ಕೆಂಪು ಕೋಮಣದಲ್ಲಿ ನಿಂತಿದ್ದ ಅರುವತ್ತು ಕಿಲೋದ ಮನುಷ್ಯನನ್ನು ಅದೇ ಕ್ಷಣ ಮರೆಯಿತು. ಗರಗರ ತಿರುಗಿ ಕುರ್ಚಿಯ ಬಳಿಗೆ ಹೋಗಿ, ಉಳಿದ ನೀರನ್ನೆಲ್ಲ ಅಂಗಿಯ ಮೇಲೆ ಹೊಯ್ಯಿತು. ರಾಯರು ಇಳಿದು ಬೆನ್ನಿನ ಸ್ವಿಚ್ಚು ಒತ್ತಿದರು. ಜೇಬಿನಿಂದ ತೆಗೆದ ಕಾಗದದಲ್ಲಿ ನೀಲಿ ನೀರಲ್ಲದೆ ಒಂದು ಅಕ್ಷರವೂ ಇರಲಿಲ್ಲ.

ಇನ್ನೊಂದು ಕಾಗದ ಬರೆಯಲು ಅವರು ಆ ಮಧ್ಯಾಹ್ನ ಮೂರು ಸಲ ಕೂತರು. ಕರೆಸುವುದಾದರೆ ತೊಂದರೆ ಏನೆಂದು ಬರೆಯಬೇಕಿತ್ತು. ಮೂವತ್ತೊಂದು ವರ್ಷದ ಅನುಭವದಲ್ಲಿ ಅದಕ್ಕೆ ತಕ್ಕ ಒಕ್ಕಣೆ ಸಿಕ್ಕಲಿಲ್ಲ. ಕೊನೆಗೆ ಒಂದು ಕಾರ್ಡಿನಲ್ಲಿ, ‘ಇಲ್ಲಿ ಎಲ್ಲ ಸರಿಯಾಗಿದೆ. ಮೂರು ತಿಂಗಳು ಮುಗಿಸಿಯೇ ಬರುವುದು,’ ಎಂದು ಬರೆದು ಅಬ್ದುಲ್ಲನ ಕೈಯಲ್ಲಿ ಟಪಾಲಿಗೆ ಕಳಿಸಿದರು.

ಹತ್ತು ದಿನ ಕಳೆದು ಸತ್ಯವತಮ್ಮನ ಉತ್ತರ ಬಂತು. ‘ಮಗುವಿಗೆ ಹನ್ನೆರಡು ದಿನ ಕಳೆಯಿತು. ಹಾಲು ಕುಡಿಯುತ್ತದೆ, ಗಟ್ಟಿಯಾಗಿ ಅಳುತ್ತದೆ. ಅಲ್ಲಿಯ ಸಂಗತಿ ಬಸ್ಸಿನವರು ವಿವರವಾಗಿ ಹೇಳಿದರು. ಕಾಲಿಗೆ ತೆಂಗಿನೆಣ್ಣೆ ಹಚ್ಚಿಕೊಳ್ಳಿ. ಎಲ್ಲ ಸರಿಯಾಗಿದೆಯೆಂದು ನೀವೇ ಬರೆದಿರುವುದರಿಂದ ನಾಲ್ಕು ತಿಂಗಳು ಕಳೆದು ಬರುತ್ತೇನೆ.’