ಬೋರ್ಡಿನಲ್ಲಿಲ್ಲದ ನೂರ ಇಪ್ಪತ್ತೊಂದು ಜನ

ಬೆಳಗಿನ ಆರು ಗಂಟೆ ಹತ್ತು ನಿಮಿಷ. ಬಾಗಿಲು ಮುಚ್ಚಿ ಮೂವತ್ತು ವರ್ಷವಾದ ಗಿರಣಿಯ ಮೂಲೆಯಲ್ಲಿ ನೀರಕ್ಕ ರಸ್ತೆಯಂಚಿನ ಕಬ್ಬಿಣದ ಮುಚ್ಚಳ ಸರಿಸಿ ಗುಂಡಿಯೊಳಗೆ ಬಗ್ಗಿದ್ದಾರೆ. ಕೈಯಲ್ಲಿ ಎದೆಯುದ್ದದ ವಾಲ್ವ್ ಕೀ. ಅದರ ಚೌಕದ ಬಾಯಿಯನ್ನು ಕೆಳಗಿನ ವಾಲ್ವಿಗೆ ಸಿಕ್ಕಿಸಿ, ಮೇಲಿನ ಅಡ್ಡ ಹಿಡಿಯನ್ನು ಬಲಕ್ಕೆ ಒಂಬತ್ತು ಸುತ್ತು ತಿರುಗಿಸುತ್ತಾರೆ. ಆಮೇಲೆ ಹಿಡಿಗೆ ಕಿವಿ ಒತ್ತಿ ಕಣ್ಣು ಮುಚ್ಚುತ್ತಾರೆ.

"ಬಂತು. ಎರಡು ನಲ್ಲಿ ತಿರುಗಿಸಿದಾರೆ. ಇನ್ನೆರಡು ಕಡೆಯವರು ಇನ್ನೂ ಹಲ್ಲುಜ್ತಾ ಇರ್ಬೇಕು" ಎನ್ನುತ್ತಾರೆ. ಅರ್ಧ ನಿಮಿಷದಲ್ಲಿ ಗೋಡೆಯ ಆಚೆಯಿಂದ ಕೊಡಗಳ ಸದ್ದು ಕೇಳಿಸುತ್ತದೆ. ನೀರಕ್ಕ ಗಡಿಯಾರ ನೋಡಿಕೊಂಡು ರಸ್ತೆಯಂಚಿನ ಕಲ್ಲಿನ ಮೇಲೆ ಕೂರುತ್ತಾರೆ. ದಿನದಲ್ಲಿ ಅವರು ಕೂರುವುದು ಇಲ್ಲಿ ಮಾತ್ರ. ಈ ಜಾಗಕ್ಕೆ ನಲವತ್ತು ನಿಮಿಷ ಬೇಕು. ಆ ನಲವತ್ತು ನಿಮಿಷಕ್ಕಾಗಿ ಅವರು ಹತ್ತಿರ ಹತ್ತಿರ ಇಪ್ಪತ್ತೆರಡು ವರ್ಷ ಬೈಗುಳ ತಿಂದಿದ್ದಾರೆ.

ಊರು ಗುಡ್ಡದ ಇಳಿಜಾರಿನಲ್ಲಿದೆ. ನೆತ್ತಿಯಲ್ಲಿ ನೀರಿನ ಟ್ಯಾಂಕು, ಬುಡದಲ್ಲಿ ಹೊಳೆ, ನಡುವೆ ಹದಿನಾಲ್ಕು ಬೀದಿ. ಮೇಲಿನ ಬೀದಿಯಲ್ಲಿ ಅನುಕೂಲಸ್ಥರ ಮನೆಗಳಿವೆ. ಟ್ಯಾಂಕು ಕೂಗಳತೆಯಲ್ಲಿದ್ದರೂ ಅಲ್ಲಿ ನೀರಿಗೆ ರಭಸವಿಲ್ಲ, ಏಕೆಂದರೆ ನೀರಿಗೆ ಇಳಿಯುವುದು ಗೊತ್ತೇ ಹೊರತು ದೊಡ್ಡವರ ಮನೆ ಯಾವುದೆಂದು ಗೊತ್ತಿಲ್ಲ. ಕೆಳಗೆ ಒಂದು ವಾಲ್ವು ತೆರೆದಿದ್ದರೂ ಮೇಲಿನವರ ನಲ್ಲಿ ಬರೀ ಉಸಿರು ಬಿಡುತ್ತದೆ. ಆದ್ದರಿಂದ ಒಂದೊಂದೇ ಬೀದಿಗೆ, ಸರದಿಯಲ್ಲಿ ನೀರು. ಅರವತ್ತಮೂರು ವಾಲ್ವು, ದಿನಕ್ಕೆ ಒಂಬತ್ತು ಕಿಲೋಮೀಟರ್ ನಡಿಗೆ. ಇದು ನೀರಕ್ಕನ ಕೆಲಸ.

ಊರಿನ ಇತಿಹಾಸವನ್ನು ಅವರು ಕಾಲಿನಿಂದಲೇ ತೋರಿಸುತ್ತಾರೆ. ಅಂಗಡಿ ಬೀದಿಯ ಕೆಳಗೆ ಎರಕದ ಕಬ್ಬಿಣದ ಪೈಪು. ಊರಿನಲ್ಲಿ ಆಗ ಇದ್ದದ್ದು ಆ ಬೀದಿಯೊಂದೇ. ಗಿರಣಿ ಬಂದಾಗ ಊರು ಹೊಳೆಯ ಕಡೆಗೆ ಹಿಗ್ಗಿತು, ಅಲ್ಲಿರುವುದು ಸಿಮೆಂಟಿನ ಪೈಪು. ಶಾಲೆಯ ಹಿಂದಿನ ಹೊಸ ಮನೆಗಳಿಗೆ ಪ್ಲಾಸ್ಟಿಕ್. "ಪೈಪ್ ಒಡೆದಾಗ ಅಗೀತಾರಲ್ಲ, ಆಗ ಗೊತ್ತಾಗುತ್ತೆ ಯಾರು ಮೊದಲು ಬಂದವರು, ಯಾರು ಆಮೇಲೆ ಅಂತ. ಮೇಲಿನ ಬೀದಿಯವರು ನಾವೇ ಮೂಲ ಅಂತಾರೆ. ಅವರದ್ದೂ ಪ್ಲಾಸ್ಟಿಕ್ಕೇ" ಎಂದು ನಗುತ್ತಾರೆ.

ಈ ಕೆಲಸ ಮೊದಲು ಗಂಡನದ್ದು. ಗುಂಡಿಯೊಂದರಲ್ಲಿ ಜಾರಿ ಬಿದ್ದು ಅವರ ಸೊಂಟ ಕೈಕೊಟ್ಟಿತು. ಆರು ತಿಂಗಳಿಗೆಂದು ಕೀ ಹಿಡಿದ ಹೆಂಡತಿ ಅದನ್ನು ಇನ್ನೂ ಕೆಳಗಿಟ್ಟಿಲ್ಲ. ಗಂಡ ಈಗ ಮನೆಯಲ್ಲಿ ಅಡುಗೆ ನೋಡಿಕೊಳ್ಳುತ್ತಾರೆ, ಕಿಟಕಿಯಲ್ಲಿ ಕೂತು ಹೋಗಿಬರುವವರಿಗೆಲ್ಲ ಸಲಹೆ ಕೊಡುತ್ತಾರೆ. "ವಾಲ್ವ್ ತಿರುಗಿಸೋದು ನಾನು ಹೇಳಿಕೊಟ್ಟೆ. ಜನ ಎಣಿಸೋದು ಅವಳೇ ಕಲಿತಿದ್ದು" ಎನ್ನುತ್ತಾರೆ.

ಆ ಎಣಿಕೆ ಶುರುವಾದದ್ದು ಒಂದು ತಪ್ಪಿನಿಂದ. ಊರ ಕಚೇರಿಯ ಪಟ್ಟಿಯಲ್ಲಿ ಪ್ರತಿ ಬೀದಿಯ ಜನಸಂಖ್ಯೆ ಇದೆ, ಅದಕ್ಕೆ ತಕ್ಕಷ್ಟು ನಿಮಿಷ ಇದೆ. ಗಿರಣಿ ಸಾಲು: ಒಂಬತ್ತು ಮನೆ, ನಲವತ್ತೊಂದು ಜನ, ಹನ್ನೊಂದು ನಿಮಿಷ. ಹೊಸದಾಗಿ ಸೇರಿದ್ದ ನೀರಕ್ಕ ಪಟ್ಟಿಯಲ್ಲಿದ್ದ ಹಾಗೆ ಹನ್ನೊಂದು ನಿಮಿಷಕ್ಕೆ ವಾಲ್ವು ಮುಚ್ಚುತ್ತಿದ್ದರು. ಮೂರನೇ ವಾರದಲ್ಲಿ ಅಲ್ಲಿನ ನಲ್ಲಿಯ ಮುಂದೆ ತಳ್ಳಾಟವಾಗಿ ಒಬ್ಬ ಅಜ್ಜಿ ಬಿದ್ದರು, ಮುಂಗೈ ಮುರಿಯಿತು. ನಲವತ್ತೊಂದು ಜನ ಇರುವ ಕಡೆ ಅಷ್ಟು ನೂಕುನುಗ್ಗಲು ಹೇಗೆ ಎಂದು ನೀರಕ್ಕನಿಗೆ ತಲೆಗೆ ಹುಳ ಬಿಟ್ಟಂತಾಯಿತು. ಮರುದಿನ ಗಿರಣಿಯ ಹಿಂದಕ್ಕೆ ಸುತ್ತಿಕೊಂಡು ಹೋಗಿ, ಬಿದ್ದ ಗೋಡೆ ದಾಟಿ ಒಳಗೆ ನೋಡಿದರು.

ರಸ್ತೆಗೆ ಮುಖ ಮಾಡಿದ್ದು ಒಂಬತ್ತು ಮನೆ ನಿಜ. ಒಳಗೆ ಗಿರಣಿಯ ಉಗ್ರಾಣವನ್ನು ತಗಡಿನಿಂದ ಅಡ್ಡ ಕಟ್ಟಿ ಇಪ್ಪತ್ತೈದು ಕೋಣೆ ಮಾಡಿಕೊಂಡಿದ್ದರು. ಕಲ್ಲುಗಣಿಯ ಕೆಲಸಕ್ಕೆ ಬಂದವರು, ಹೊಲಿಗೆಯವರು, ಹಳೆ ಸಾಮಾನಿನವರು, ಅವರ ಮಕ್ಕಳು ಮರಿ. ಗಣತಿಗೆ ಬಂದವರು ಪ್ರತಿ ಸಲವೂ ಗಿರಣಿಯ ದೊಡ್ಡ ಗೇಟಿನ ಬೀಗ ನೋಡಿ 'ಬೀಗ ಹಾಕಿದೆ' ಎಂದು ಬರೆದುಕೊಂಡು ಹೋಗಿದ್ದರು. ಬೀಗ ಇದ್ದದ್ದು ಸುಳ್ಳಲ್ಲ. ಆದರೆ ಆ ಗೇಟಿನಲ್ಲಿ ಯಾರೂ ಓಡಾಡುತ್ತಿರಲಿಲ್ಲ.

"ಅಜ್ಜಿ ಕೈ ಸೊಟ್ಟಗೇ ಕೂಡ್ಕೊಳ್ತು. ನನ್ನ ನೋಡಿದಾಗೆಲ್ಲ ಆ ಕೈಯಲ್ಲೇ ಬಾರೇ ಮಗಳೇ ಅಂತ ಕರೀತಿದ್ರು. ಒಂದಿನ ಬೈದಿದ್ರೆ ನಂಗೂ ಹಗುರ ಆಗ್ತಿತ್ತು. ಬೈಲೇ ಇಲ್ಲ" ಎನ್ನುವಾಗ ನೀರಕ್ಕ ನೋಡುವುದು ಗುಂಡಿಯನ್ನು. ಅಜ್ಜಿ ತೀರಿಕೊಂಡು ಆರು ವರ್ಷವಾಯಿತು. ನೀರಕ್ಕನ ಆ ನೋವು ಇನ್ನೂ ಹೋಗಿಲ್ಲ.

ಅಂದಿನಿಂದ ಅವರ ಕೈಚೀಲದಲ್ಲಿ ಒಂದು ನೋಟುಬುಕ್ಕು ಇದೆ, ಈಗಿನದು ಏಳನೆಯದು. ಯಾವ ಬಾಗಿಲಲ್ಲಿ ಎಷ್ಟು ಜನ, ಯಾರ ಮನೆಯಲ್ಲಿ ಕೂಸು ಹುಟ್ಟಿತು, ಯಾರು ಊರು ಬಿಟ್ಟರು, ಎಲ್ಲ ಅದರಲ್ಲಿದೆ. ಸತ್ತವರ ಹೆಸರನ್ನು ಅದೇ ದಿನ ಹೊಡೆದುಹಾಕುತ್ತಾರೆ, ಏಕೆಂದರೆ ಲೆಕ್ಕ ಹೆಚ್ಚಾದರೆ ಬೇರೆ ಬೀದಿಯ ನೀರು ಕಡಿಮೆಯಾಗುತ್ತದೆ. ಅವರ ಪ್ರಕಾರ ಗಿರಣಿ ಸಾಲಿನಲ್ಲಿ ಮೂವತ್ತನಾಲ್ಕು ಸಂಸಾರ, ನೂರ ಅರವತ್ತೆರಡು ಜನ. ಊರ ಬಾಗಿಲಿನ ಬೋರ್ಡು ಜನಸಂಖ್ಯೆ 3,940 ಎನ್ನುತ್ತದೆ. ನೋಟುಬುಕ್ಕು 4,061 ಎನ್ನುತ್ತದೆ. ನಡುವೆ ಉಳಿಯುವ ನೂರ ಇಪ್ಪತ್ತೊಂದು ಜನ ಹಲ್ಲುಜ್ಜಿ, ಸ್ನಾನ ಮಾಡಿ, ಕೆಲಸಕ್ಕೆ ಹೋಗಿಬರುತ್ತಿದ್ದರು, ಕಾಗದಕ್ಕೆ ಮಾತ್ರ ಅವರ ಸುಳಿವಿರಲಿಲ್ಲ.

ಪಟ್ಟಿ ಮೀರಿ ನಲವತ್ತು ನಿಮಿಷ ಬಿಡುತ್ತಿದ್ದುದರಿಂದ ಮೇಲಿನ ಬೀದಿಗೆ ನೀರು ತಡವಾಗುತ್ತಿತ್ತು. ದೂರಿನ ಮೇಲೆ ದೂರು ಹೋದವು. ಎರಡು ಸಲ ನೋಟಿಸು ಬಂತು. ಅವಳ ನೆಂಟರಿದ್ದಾರೆ ಅಲ್ಲಿ, ಎಂದರು ಕೆಲವರು. ನೀರಕ್ಕ ನೋಟುಬುಕ್ಕು ಹಿಡಿದುಕೊಂಡು ಕಚೇರಿಗೆ ಹೋದರೆ ಗುಮಾಸ್ತರು ಅದನ್ನು ಬಿಡಿಸಿಯೂ ನೋಡದೆ, "ಇದಕ್ಕೆ ಸೀಲಿಲ್ಲವಲ್ಲಮ್ಮ" ಎಂದರಂತೆ.

ಈ ವರ್ಷ ವಾಲ್ವುಗಳಿಗೆ ಯಂತ್ರ ಬಂತು. ಹೊತ್ತು ಹೊಂದಿಸಿಟ್ಟರೆ ಮೋಟಾರು ತಾನೇ ತೆರೆದು ತಾನೇ ಮುಚ್ಚುತ್ತದೆ. ನೀರಕ್ಕ ನಿವೃತ್ತರಾದ ಮೇಲೆ ಆ ಜಾಗಕ್ಕೆ ಬೇರೆಯವರನ್ನು ಹಾಕುವುದಿಲ್ಲ ಎಂದೂ ತೀರ್ಮಾನವಾಯಿತು. ಯಂತ್ರಕ್ಕೆ ಊಡಿಸಿದ್ದು ಕಚೇರಿಯ ಪಟ್ಟಿಯನ್ನು, ಆ ಪುಸ್ತಕದ ಬದನೆಕಾಯಿಯನ್ನೇ. ಅಂದರೆ ಗಿರಣಿ ಸಾಲಿಗೆ ಮತ್ತೆ ಹನ್ನೊಂದು ನಿಮಿಷ. ನೀರಕ್ಕನ ನಿದ್ದೆ ಹಾರಿಹೋಯಿತು. ಮೂರು ಸಲ ಕಚೇರಿ ಮೆಟ್ಟಿಲು ಹತ್ತಿದರು. ಪಟ್ಟಿಯನ್ನು ತಿದ್ದಲು ಗಣತಿ ಆಗಬೇಕು, ಗಣತಿಗೆ ಇನ್ನೂ ನಾಲ್ಕು ವರ್ಷವಿದೆ ಎಂದು ಅಧ್ಯಕ್ಷರು ಕಡ್ಡಿ ಮುರಿದಂತೆ ಹೇಳಿದರು.

ಹೋದ ತಿಂಗಳು ಯಂತ್ರದ ಪರೀಕ್ಷೆಯ ದಿನ ಬಂತು. ಹೊರಗಿನಿಂದ ಬಂದ ಎಂಜಿನಿಯರ್ ಸಭ್ಯರು. "ಇವತ್ತೊಂದಿನ ಆರಾಮಾಗಿರಿ, ಅಮ್ಮ" ಎಂದು ನೀರಕ್ಕನಿಗೆ ಕುರ್ಚಿ ಹಾಕಿಸಿದರು. ಅವರ ಲೆಕ್ಕಕ್ಕೆ ಬಾರದ ಸಂಗತಿ ಒಂದಿತ್ತು. ಊರಿನ ಅರವತ್ತೆರಡು ವಾಲ್ವುಗಳನ್ನು ಎಡಕ್ಕೆ ತಿರುಗಿಸಿದರೆ ತೆರೆಯುತ್ತವೆ. ಗಿರಣಿ ಸಾಲಿನದು ಮಾತ್ರ ಬಲಕ್ಕೆ. ಗಿರಣಿಯವರು ತಮ್ಮ ಕಾಲದಲ್ಲಿ ತಾವೇ ಎಲ್ಲಿಂದಲೋ ತಂದು ಕೂರಿಸಿದ ವಾಲ್ವು ಅದು. ಯಂತ್ರ ಆರೂ ಹತ್ತಕ್ಕೆ ತೆರೆಯಲೆಂದು ಅದನ್ನು ಎಡಕ್ಕೆ ತಿರುಗಿಸಿತು. ಮುಚ್ಚಿದ್ದ ವಾಲ್ವು ಇನ್ನಷ್ಟು ಬಿಗಿಯಾಯಿತು. ಹನ್ನೊಂದು ನಿಮಿಷದ ಮೇಲೆ ಮುಚ್ಚಲೆಂದು ಬಲಕ್ಕೆ ತಿರುಗಿಸಿತು. ವಾಲ್ವು ಪೂರ್ತಿ ತೆರೆದುಕೊಂಡಿತು, ಹಾಗೇ ಉಳಿಯಿತು.

ಗಿರಣಿ ಸಾಲಿನವರು ಅಷ್ಟು ನೀರನ್ನು ಜನ್ಮದಲ್ಲಿ ನೋಡಿರಲಿಲ್ಲ. ಕೊಡ ತುಂಬಿತು, ಬಕೆಟ್ಟು, ಪಾತ್ರೆ ಪಗಡೆ ತುಂಬಿತು. ಹೊದಿಕೆಗಳನ್ನೆಲ್ಲ ಒಗೆದು ಗೋಡೆಯ ಮೇಲೆ ಹರವಿದರು. ಮಕ್ಕಳಿಗೆ ಎರಡೆರಡು ಸಲ ಸ್ನಾನವಾಯಿತು. ಮೇಲಿನ ಬೀದಿಯಲ್ಲಿ ಹನಿ ನೀರಿಲ್ಲ. ಒಂಬತ್ತು ಗಂಟೆಗೆ ಅಲ್ಲಿಯವರು, ಅಧ್ಯಕ್ಷರು, ಗುಮಾಸ್ತರು, ಎಂಜಿನಿಯರ್ ಎಲ್ಲರೂ ನೀರು ಕದ್ದವರನ್ನು ಹಿಡಿಯಲು ಗುಡ್ಡ ಇಳಿದು ಬಂದರು. ರಸ್ತೆಗೆ ಹರಿದುಬಂದ ನೀರಿನ ಜಾಡು ಹಿಡಿದು, ಬಿದ್ದ ಗೋಡೆ ದಾಟಿ, ಉಗ್ರಾಣದ ಅಂಗಳದಲ್ಲಿ ನಿಂತರು. ಒದ್ದೆ ತಲೆಯ ನೂರಕ್ಕೂ ಮಿಕ್ಕಿ ಜನ ಅವರನ್ನು ನೋಡುತ್ತ ನಿಂತಿದ್ದರು.

ಅಧ್ಯಕ್ಷರು, "ಇಷ್ಟೊಂದು ಜನ ಎಲ್ಲಿಂದ ಬಂದ್ರು?" ಎಂದು ಕೇಳಿದರು.

"ಬಂದಿಲ್ಲ ಸಾರ್, ಇಲ್ಲೇ ಇದ್ರು" ಎಂದರು ಅವರ ಹಿಂದೆಯೇ ಬಂದಿದ್ದ ನೀರಕ್ಕ. ಕೈಚೀಲದಿಂದ ನೋಟುಬುಕ್ಕು ತೆಗೆದು ಗುಮಾಸ್ತರ ಕೈಗೆ ಕೊಟ್ಟರು. ಈ ಸಲ ಅವರು ಅದನ್ನು ಬಿಡಿಸಿದರು. ಅಲ್ಲೇ, ನಿಂತ ಕಾಲಲ್ಲೇ, ಮನೆ ಮನೆಗೆ, ಕೋಣೆ ಕೋಣೆಗೆ ಹೋಗಿ ತಲೆ ಎಣಿಸಿದರು. ಕೆಲಸಕ್ಕೆ ಹೋದವರನ್ನು ಮನೆಯವರಿಂದ ಕೇಳಿ ಬರೆದುಕೊಂಡರು. ನೂರ ಅರವತ್ತೆರಡು. ಒಂದು ಹೆಚ್ಚಿಲ್ಲ, ಒಂದು ಕಡಿಮೆ ಇಲ್ಲ.

ವಾಲ್ವು ಉಲ್ಟಾ ಎಂದು ಮೊದಲೇ ಯಾಕೆ ಹೇಳಲಿಲ್ಲ ಎಂಬ ಪ್ರಶ್ನೆ ಆಮೇಲೆ ಬಂತು. ನೀರಕ್ಕನ ಉತ್ತರ ಊರಿನಲ್ಲಿ ಈಗ ಎಲ್ಲರಿಗೂ ಬಾಯಿಪಾಠ: "ಎಂಜಿನಿಯರಿಗೆ ಹೇಳಿದ್ದೆ. ಎಲ್ಲ ವಾಲ್ವೂ ಒಂದೇ ಥರ ಇರ್ತವೆ ಅಮ್ಮ ಅಂದ್ರು. ಎರಡನೇ ಸಲಾನೂ ಹೇಳಿದೆ. ಮೂರನೇ ಸಲ ಹೇಳ್ಲಿಲ್ಲ." ಎಂಜಿನಿಯರ್ ಕೂಡ ಇದನ್ನು ಅಲ್ಲಗಳೆಯುವುದಿಲ್ಲ.

ಮುಂದಿನ ವಾರವೇ ಊರ ಸಭೆ ಸೇರಿತು. ಗಿರಣಿ ಸಾಲಿಗೆ ನಲವತ್ತು ನಿಮಿಷ ಎಂದು ಪಟ್ಟಿಯಲ್ಲಿ, ಸೀಲಿನ ಸಮೇತ, ಬರೆಯಲಾಯಿತು. ಯಂತ್ರ ಸದ್ಯ ರಿಪೇರಿಯಲ್ಲಿದೆ. ನೀರಕ್ಕ ನಿವೃತ್ತರಾಗುವ ಹೊತ್ತಿಗೆ ಮರಳಿ ಬರುತ್ತದೆ, ಈ ಬಾರಿ ಬಲಕ್ಕೆ ತಿರುಗುವುದನ್ನು ಕಲಿತುಕೊಂಡು. ಬೋರ್ಡು ಬರೆಯುವವರು ಹಳೆಯ ಸಂಖ್ಯೆಯ ಮೇಲೆ ಬಿಳಿ ಬಣ್ಣ ಹೊಡೆದು ಹೋಗಿದ್ದಾರೆ, ಹೊಸದನ್ನು ಇನ್ನೂ ಬರೆದಿಲ್ಲ. ಅದೂ ಒಳ್ಳೆಯದೇ ಆಯಿತು: ಮೊನ್ನೆ ಹದಿನೇಳನೇ ಕೋಣೆಯಲ್ಲಿ ಹೆಣ್ಣು ಕೂಸು ಹುಟ್ಟಿದೆ, ನೋಟುಬುಕ್ಕಿನಲ್ಲಿ ಈಗ 4,062.

ಆರೂ ಐವತ್ತು. ನೀರಕ್ಕ ಎದ್ದು ಕೀಯನ್ನು ಎಡಕ್ಕೆ ತಿರುಗಿಸಿ ವಾಲ್ವು ಮುಚ್ಚುತ್ತಾರೆ. ನಿವೃತ್ತಿಗೆ ಇನ್ನು ಐವತ್ತಮೂರು ದಿನ. ಆಮೇಲೆ ಏನು ಮಾಡಬೇಕೆಂದಿದೆ ಎಂದು ಕೇಳಿದರೆ ಕೀಯನ್ನು ಹೆಗಲಿಗೇರಿಸಿಕೊಳ್ಳುತ್ತಲೇ ಹೇಳುತ್ತಾರೆ: "ಇಷ್ಟು ವರ್ಷದಲ್ಲಿ ನಮ್ಮನೆ ನಲ್ಲೀಲಿ ನೀರು ಬರೋದನ್ನ ನಾನು ಒಂದಿನಾನೂ ನೋಡಿಲ್ಲ. ಆ ಹೊತ್ತಿಗೆ ಇನ್ನೊಂದು ಗುಂಡೀಲಿ ಇರ್ತೀನಿ. ಮನೇಲಿ ಕೂತು ಅದನ್ನೊಂದು ನೋಡ್ಬೇಕು, ಅಷ್ಟೇ."

ನಾಲ್ಕು ಹೆಜ್ಜೆ ಹೋಗಿ ನಿಲ್ಲುತ್ತಾರೆ. "ನಮ್ಮ ಬೀದಿಗೆ ಬರೋದು ಏಳೂವರೆಗೆ. ಇಲ್ಲಿಗೆ ಆರೂ ಹತ್ತಕ್ಕೆ. ಒಂದ್ಸಲ ಇಲ್ಲಿಗೆ ಬಂದು ಕಿವಿಗೊಟ್ಟು ಕೇಳಿ ವಾಪಸ್ ಹೋಗೋಕೆ ಟೈಮಿರುತ್ತೆ."