ಲಿಫ್ಟಿನೊಳಗೆ ಮಗಳು

ಆಸ್ಪತ್ರೆಯ ಲಿಫ್ಟುಗಳನ್ನು ನೋಡಿಕೊಳ್ಳುವ ಮೇಸ್ತ್ರಿಗೆ ಒಬ್ಬಳೇ ಮಗಳು, ಗುಬ್ಬಿ. ಕೂತಲ್ಲಿ ಕೂರದವಳು, ಊಟಕ್ಕೆ ಕೂತರೂ ಕಾಲು ಕುಣಿಸುವವಳು. ಅವಳು ನರ್ಸಿಂಗ್ ಓದುತ್ತೇನೆಂದಾಗ, ಇವಳ ಕೈಗೆ ಸಿಕ್ಕ ರೋಗಿಯನ್ನು ದೇವರೇ ಕಾಯಬೇಕು ಎಂದು ಹೆಂಡತಿಯೆದುರು ನಕ್ಕಿದ್ದ.

ಉಸಿರಾಡಲಾಗದವರಿಗೆ ಕೈಯಿಂದಲೇ ಗಾಳಿ ಕೊಡುವ ಆಂಬು ಬ್ಯಾಗನ್ನು ಕಲಿಯುವಾಗ ಅವಳು ಗಾಬರಿಯಲ್ಲಿ ಬಡಬಡನೆ ಹಿಸುಕಿ ಬೈಸಿಕೊಳ್ಳುತ್ತಿದ್ದಳು. ಮನೆಗೆ ಬಂದು ಟವೆಲ್ ಸುತ್ತಿಟ್ಟುಕೊಂಡು ಅಭ್ಯಾಸ ಮಾಡುತ್ತಿದ್ದಳು. "ಒತ್ತೋದು ಸುಲಭ ಅಪ್ಪಾ. ಒತ್ತಿ ಬಿಟ್ಟು ಕಾಯೋದೇ ಕಷ್ಟ" ಎನ್ನುತ್ತಿದ್ದಳು.

ಅದೇ ಆಸ್ಪತ್ರೆಯ ತುರ್ತು ವಿಭಾಗಕ್ಕೆ ನರ್ಸಾಗಿ ಸೇರಿದ ಮರುವರ್ಷ, ಒಂದು ಮಧ್ಯಾಹ್ನ, ರೋಗಿಯ ಸಮೇತ ಲಿಫ್ಟ್ ಎರಡು ಮಹಡಿಗಳ ನಡುವೆ ನಿಂತುಬಿಟ್ಟಿತು. ಮೇಸ್ತ್ರಿ ಓಡಿಬಂದು ಬಾಗಿಲ ಸಂದಿಗೆ ಬಾಯಿಟ್ಟು, ಒಳಗೆ ಯಾರೆಂದು ಕೂಗಿದ.

"ನಾನೇ ಅಪ್ಪಾ. ಬಸ್ ಡ್ರೈವರ್ ಒಬ್ರು ಇದಾರೆ, ಗಂಟಲಲ್ಲಿ ಉಸಿರಿನ ಟ್ಯೂಬ್ ಇದೆ. ಬ್ಯಾಗ್ ಒತ್ತುತಾ ಇದೀನಿ, ಎದೆ ಸರಿಯಾಗಿ ಏಳ್ತಿದೆ. ನೀನು ಅವಸರ ಮಾಡ್ಬೇಡ. ಲಿಫ್ಟ್ ಜೋರಾಗಿ ಅಲ್ಲಾಡಿದ್ರೆ ಟ್ಯೂಬ್ ಜಾರುತ್ತೆ."

ಆ ದನಿಯಲ್ಲಿ ಒಂದಿಷ್ಟೂ ನಡುಕವಿರಲಿಲ್ಲ. ಮೇಸ್ತ್ರಿ ಮೇಲಿನ ಯಂತ್ರದ ಕೋಣೆಗೆ ಹತ್ತಿ ಕರೆಂಟ್ ತೆಗೆದ. ಹಿಂದೆಯೇ ಬಂದ ಜೊತೆಗಾರ ಬ್ರೇಕ್ ಸಡಿಲಿಸಿ ಹಿಡಿದ. ತಾನು ಲಿಫ್ಟ್ ಇಳಿಸುವ ಕೈಚಕ್ರ ತಿರುಗಿಸತೊಡಗಿದ. ಒಂದಿಷ್ಟು ತಿರುಗಿಸುವುದು, ನಿಲ್ಲಿಸುವುದು, ಮತ್ತೆ ತಿರುಗಿಸುವುದು. ಇಷ್ಟು ವರ್ಷದ ಸರ್ವೀಸಿನಲ್ಲಿ ಅಷ್ಟು ಹದವಾಗಿ ಅವನು ಲಿಫ್ಟ್ ಇಳಿಸಿದ್ದೇ ಇಲ್ಲ.

ಕೆಳಗೋಡಿ ಬಾಗಿಲು ತೆಗೆದಾಗ ಮಗಳು ಅವನತ್ತ ತಿರುಗಲೂ ಇಲ್ಲ. ಕಣ್ಣು ರೋಗಿಯ ಎದೆಯ ಮೇಲೆ, ಕೈ ಬ್ಯಾಗಿನ ಮೇಲೆ. ಆಮ್ಲಜನಕದ ಸಿಲಿಂಡರ್ ಆಗಲೇ ಮುಗಿದಿತ್ತು. ಬ್ಯಾಗು ಎಳೆದುಕೊಂಡ ಬರೀ ಗಾಳಿಯಲ್ಲೇ ಅವಳು ಆ ಜೀವವನ್ನು ಹಿಡಿದಿಟ್ಟಿದ್ದಳು. "ದಾರಿ ಬಿಡಿ" ಎಂದಳು, ಯಾರಿಗೋ ಹೇಳುವಂತೆ. ಮೇಸ್ತ್ರಿ ಗೋಡೆಗೊರಗಿ ದಾರಿ ಬಿಟ್ಟ. ಸ್ಟ್ರೆಚರ್ ಐಸಿಯು ಬಾಗಿಲು ದಾಟುವವರೆಗೂ ನೋಡುತ್ತಲೇ ನಿಂತ.

ಡ್ರೈವರ್ ಬದುಕಿದ. ಕೆಲವು ವಾರಗಳ ಮೇಲೆ ಹೆಂಡತಿಯ ಭುಜ ಹಿಡಿದು ನಡೆದುಕೊಂಡೇ ಬಂದು ಗುಬ್ಬಿಗೆ ಕೈಮುಗಿದ. ಅವಳು ನಾಚಿ, ಬೇರೆ ಕೆಲಸವಿದೆಯೆಂದು ಒಳಗೆ ಓಡಿದಳು.

ಮೇಸ್ತ್ರಿಗೆ ಮಾತ್ರ ನಾಚಿಕೆಯಿಲ್ಲ. ಟೀ ಅಂಗಡಿಯಲ್ಲಿ ಸಿಕ್ಕಸಿಕ್ಕವರಿಗೆಲ್ಲ ಈ ಕಥೆ ಹೇಳುತ್ತಾನೆ. ಪ್ರತಿ ಸಲವೂ ಲಿಫ್ಟ್ ಇನ್ನೊಂದಿಷ್ಟು ಹೊತ್ತು ಹೆಚ್ಚೇ ನಿಂತಿರುತ್ತದೆ. ಹೀಗೇ ಹೇಳ್ತಾ ಹೋದ್ರೆ ಜನ ನಿಮ್ಮ ಲಿಫ್ಟನ್ನೇ ಹತ್ತಲ್ಲ ಎಂದು ಹೆಂಡತಿ ಛೇಡಿಸಿದರೆ, "ಹತ್ತದಿದ್ರೆ ಮೆಟ್ಟಿಲಿದೆ. ನನ್ನ ಮಗಳಂಥೋಳು ಎಲ್ಲಿದಾಳೆ?" ಎನ್ನುತ್ತಾನೆ.